ಕಿಲ್‌ಫೆರನ್ ದೊರೆಸಾನಿಯ ಬೆಳಗಿನ ಗಂಜಿ

ಶುಕ್ರವಾರ ಸಂಜೆಯಾಯಿತೆಂದರೆ ಕ್ಯಾಲಿಫೋರ್ನಿಯಾದ ಆರ್ಟೀಸಿಯಾ ಊರಿನ ಆ ಚಿಕ್ಕ ಅಪಾರ್ಟ್‌ಮೆಂಟಿನಲ್ಲಿ ಕಲಾವತಿಯವರ ದಾರಿ ಕಾಯುವವರು ಇಬ್ಬರಿದ್ದರು. ಒಬ್ಬರು ಅವರ ಯಜಮಾನರು ರೇವಣಸಿದ್ದಪ್ಪನವರು. ಪಯನಿಯರ್ ಬುಲೆವಾರ್ಡಿನ ದಿನಸಿ ಅಂಗಡಿಯೊಂದರಲ್ಲಿ ಬೇಳೆಕಾಳು, ಮಸಾಲೆ ಪದಾರ್ಥಗಳ ಕಡೆ ನೋಡಿಕೊಳ್ಳುವುದು ಅವರ ಕೆಲಸ. ಇನ್ನೊಬ್ಬರು ಪಕ್ಕದ ಮನೆಯ ಫಿರೋಜಾ. ಮೈಸೂರಿನವರು; ಅದೇ ಬುಲೆವಾರ್ಡಿನ ಸೀರೆ ಅಂಗಡಿಗಳಿಗೆ ರವಿಕೆ ಹೊಲಿದುಕೊಡುತ್ತಿದ್ದರು. ಕಲಾವತಿಯವರು ವಾರವೆಲ್ಲ ಸ್ಯಾನ್ ಡಿಯಾಗೋ ಕಡೆ, ಕಾರ್ಮೆಲ್ ವ್ಯಾಲಿಯಲ್ಲಿ, ಮಗಳು ಪ್ರಣತಿಯ ಮನೆಯಲ್ಲಿದ್ದು ಶುಕ್ರವಾರ ರೈಲು ಹತ್ತಿ ಬರುತ್ತಿದ್ದರು. ಕೈಚೀಲ ಕೆಳಗಿಡುವುದಕ್ಕೂ ಬಿಡದೆ ರೇವಣಸಿದ್ದಪ್ಪನವರು ಕೇಳುತ್ತಿದ್ದರು:

"ಏನ್ ಕಲಾ, ನಿಮ್ಮ ದೊರೆಸಾನಿ ಈ ವಾರ ಯಾರ್ನ ಕಟ್ಕಂಡ್ಲು?"

"ಚಾ ಕುಡಿಯಾಕಾದ್ರೂ ಬಿಡ್ರಿ."

"ಕುಡಿ, ಕುಡಿ. ಕುಡೀತಾ ಹೇಳು."

ಫಿರೋಜಾ ಹೊಲಿಗೆಯನ್ನು ಅಲ್ಲಿಗೇ ಬಿಟ್ಟು, ದಾರವನ್ನು ಕುತ್ತಿಗೆಗೆ ಹಾಕಿಕೊಂಡೇ ಬಂದುಬಿಡುತ್ತಿದ್ದರು. "ಆ ಲಂಡನ್ ನಾಟಕದವಳು ಏನಾದ್ಲು ಅಕ್ಕ? ಹೋದ ವಾರ ಅರ್ಧಕ್ಕೇ ನಿಲ್ಸಿಬಿಟ್ರಿ" ಎಂದು ಶುರು ಮಾಡುತ್ತಿದ್ದರು. ಹೀಗೆ ಸ್ಕಾಟ್ಲೆಂಡಿನ ಕಿಲ್‌ಫೆರನ್ ಎಂಬ ಮನೆತನದ ಮದುವೆಗಳೂ ಮಾನಾಪಮಾನಗಳೂ ಆರ್ಟೀಸಿಯಾದ ಚಹಾದ ಜೊತೆಗೆ ವಾರ ವಾರ ಖರ್ಚಾಗುತ್ತಿದ್ದವು.

ದಾವಣಗೆರೆಯ ಹತ್ತಿರದ ಹಳ್ಳಿಯಿಂದ ಈ ದೇಶಕ್ಕೆ ಬಂದ ಮೇಲೆ ಕಲಾವತಿಯವರು ವೆಸ್ಟ್ ಕೊವಿನಾದ ಒಂದು ವೃದ್ಧರ ಆರೈಕೆ ಮನೆಯಲ್ಲಿ ಬಹಳ ವರ್ಷ ದುಡಿದಿದ್ದರು. ಮುದುಕರ ಜೊತೆ ಮಾತಾಡಿ ಆಡಿಯೇ ಇಂಗ್ಲಿಷು ಬಂತು. ಮುದುಕರ ಮುಖ ನೋಡಿಯೇ ಹಸಿವೆಷ್ಟು, ನೋವೆಷ್ಟು ಎಂದು ತಿಳಿಯುವ ಅಭ್ಯಾಸವೂ ಬಂತು. ಕೊರೊನಾ ಬಂದ ವರ್ಷ ಆ ಕೆಲಸ ಬಿಟ್ಟು, ಮೊಮ್ಮಗಳು ಮೇಧಾಳನ್ನು ನೋಡಿಕೊಳ್ಳಲು ಮಗಳ ಮನೆಗೆ ಹೋದರು. ಮರುವರ್ಷ ಶಾಲೆಗಳು ತೆರೆದವು. ಮೇಧಾ ಬೆಳಿಗ್ಗೆ ಹೋದರೆ ಸಂಜೆಯವರೆಗೂ ಬರುತ್ತಿರಲಿಲ್ಲ. ಆ ದೊಡ್ಡ ಮನೆಯಲ್ಲಿ ಒಬ್ಬರೇ ಕುಳಿತು ಬೇಸರವಾಗುತ್ತಿದ್ದಾಗ, ಕಡಲ ಕಡೆಗೆ ಇಳಿಯುವ ರಸ್ತೆಯಲ್ಲಿ ಒಬ್ಬ ವಯಸ್ಸಾದ ಹೆಂಗಸು ಒಂಟಿಯಾಗಿದ್ದಾರೆ, ಬೆಳಗಿನ ಹೊತ್ತು ಜೊತೆಗೆ ಯಾರಾದರೂ ಬೇಕಂತೆ ಎಂದು ಪ್ರಣತಿ ಸುದ್ದಿ ತಂದಳು.

ಹಾಗೆ ಸಿಕ್ಕಿದವರು ಐಲ್ಸಾ. ಎಂಬತ್ತು ದಾಟಿದ್ದ ಎತ್ತರದ ಹೆಂಗಸು, ಬೆನ್ನು ಬಾಗಿರಲಿಲ್ಲ. ಆಕೆ ಒಬ್ಬ ಅರ್ಲನ ಮಗಳು. ಅರ್ಲ್ ಎಂದರೆ ಚಿತ್ರದುರ್ಗದ ಪಾಳೇಗಾರರಿಗಿಂತ ಒಂದು ಕೈ ಮೇಲೆ, ಮೈಸೂರು ಮಹಾರಾಜರಿಗಿಂತ ಬಹಳ ಕೆಳಗೆ ಎಂದು ಕಲಾವತಿಯವರು ಗಂಡನಿಗೆ ವಿವರಿಸಿದ್ದರು. ಅಂದಿನಿಂದ ರೇವಣಸಿದ್ದಪ್ಪನವರ ಬಾಯಲ್ಲಿ ಆಕೆ ದೊರೆಸಾನಿಯಾದರು. ಅರಮನೆ, ಆಳುಕಾಳು ಏನೂ ಉಳಿದಿರಲಿಲ್ಲ. ಮೂರನೆಯ ಗಂಡ, ಸ್ಯಾನ್ ಡಿಯಾಗೋದ ಒಬ್ಬ ದಂತವೈದ್ಯ, ಬಿಟ್ಟುಹೋದ ಎರಡು ಕೋಣೆಯ ಮನೆಯಷ್ಟೇ ಇತ್ತು. ಬೆಳಿಗ್ಗೆ ಏಳುವಾಗ ಆಕೆಗೆ ತಲೆ ಸುತ್ತುತ್ತಿತ್ತು. ಕಲಾವತಿಯವರು ಹೋಗಿ ಎಬ್ಬಿಸಿ ಕೂರಿಸಿ, ಓಟ್ಸ್ ಗಂಜಿ ಮಾಡಿಕೊಡಬೇಕು. ಅದಕ್ಕೆ ಸಕ್ಕರೆ ಕೂಡದು, ಉಪ್ಪೇ ಆಗಬೇಕು. ಈ ದೇಶದಲ್ಲಿ ಗಂಜಿಗೆ ಉಪ್ಪು ಕೇಳಿದ ಮೊದಲನೆಯ ಬಿಳಿಯ ಹೆಂಗಸು ಈಕೆಯೇ ಎಂದು ಕಲಾವತಿಯವರಿಗೆ ಮೊದಲ ದಿನವೇ ಮನಸ್ಸು ಕರಗಿತ್ತು.

ದೊರೆಸಾನಿ ಗಂಜಿಯನ್ನು ನಿಧಾನವಾಗಿ ತಿನ್ನುತ್ತಿದ್ದರು. ತಿನ್ನುತ್ತ ಮನೆತನದ ಕಥೆ ಹೇಳುತ್ತಿದ್ದರು. ತಂದೆಗೆ ಮೂರು ಮದುವೆ. ಮೊದಲನೆಯ ಹೆಂಡತಿ ಒಂದು ಗಂಡುಮಗುವನ್ನು ಹೆತ್ತು ತೀರಿಕೊಂಡಳು. ಎರಡನೆಯವಳು, ಎಂದರೆ ದೊರೆಸಾನಿಯ ತಾಯಿ, ಇಬ್ಬರು ಹೆಣ್ಣುಮಕ್ಕಳನ್ನು ಬಿಟ್ಟು ಜಮೀನಿನ ಮೇಲ್ವಿಚಾರಕನ ಜೊತೆ ಹೊರಟುಹೋದಳು. ಮೂರನೆಯವಳು ಲಂಡನ್ನಿನ ನಾಟಕದ ನಟಿ. ಊಟದ ಹೊತ್ತಿಗೆ ವಾದ್ಯ ಊದುವ ಮುದುಕನನ್ನು ಬಂದ ವಾರವೇ ಕೆಲಸದಿಂದ ತೆಗೆದಳು. ಅರ್ಲನನ್ನು ಅವನ ಕುದುರೆಗಳಿಗಿಂತ ಹೆಚ್ಚು ಪ್ರೀತಿಸಲಾರೆ ಎಂದು ಪತ್ರಿಕೆಯವರಿಗೆ ಹೇಳಿದಳು. ಅಣ್ಣನಾದವನು ಬಿಯರ್ ಕಾರ್ಖಾನೆಯವರ ಮಗಳನ್ನು ಮದುವೆಯಾದ. ಆ ಸಂಬಂಧ ಮುರಿದಾಗ ಯಾವ ರಾತ್ರಿ ಯಾವ ಕೋಣೆಯ ಬಾಗಿಲು ತೆರೆಯಿತೆಂದು ಮನೆಗೆಲಸದ ಹುಡುಗಿಯರು ನ್ಯಾಯಾಲಯದಲ್ಲಿ ಸಾಕ್ಷಿ ಹೇಳಬೇಕಾಯಿತು. ದೊರೆಸಾನಿಯ ಮೊದಲ ಗಂಡ ಸೈನ್ಯದ ಒಬ್ಬ ಕ್ಯಾಪ್ಟನ್. ಮದುವೆಯಾದ ಮೇಲೆ ನೋಡಿದರೆ, ಸತ್ತಳೆಂದು ಹೇಳಿದ್ದ ಅವನ ಹಳೆಯ ಹೆಂಡತಿ ಬೇರೊಂದು ಊರಿನಲ್ಲಿ ಸುಖವಾಗಿದ್ದಳು.

ಇದನ್ನೆಲ್ಲ ಆಕೆ ನಗುನಗುತ್ತ, ಬೇರೆ ಯಾರದೋ ಮನೆಯ ವಿಷಯವೆಂಬಂತೆ ಹೇಳುತ್ತಿದ್ದರು. ಎರಡನೆಯ ಗಂಡನ ವಿಷಯ ಮಾತ್ರ ಎತ್ತುತ್ತಿರಲಿಲ್ಲ. ಕಲಾವತಿಯವರೂ ಕೇಳಲಿಲ್ಲ. ಕಡಲಿನಿಂದ ಮಂಜು ಮೇಲೆದ್ದು ಕಿಟಕಿಯ ಹೊರಗೆ ಏನೂ ಕಾಣದಂತಿದ್ದ ಒಂದು ಬೆಳಿಗ್ಗೆ ಆಕೆ ತಾವಾಗಿಯೇ ಹೇಳಿದರು.

"ನಾನು ನನ್ನ ಅಕ್ಕನ ಗಂಡನ ಜೊತೆ ಓಡಿ ಬಂದವಳು, ಕಲಾ."

ಅಕ್ಕನ ಹೆಸರು ಇಸೊಬೆಲ್. ತಾಯಿ ಬಿಟ್ಟುಹೋದ ಮೇಲೆ ತಂಗಿಯ ತಲೆ ಬಾಚಿ, ಬೂಟಿನ ದಾರ ಕಟ್ಟಿ ಬೆಳೆಸಿದವಳು ಅವಳೇ. ಅವಳ ಗಂಡ ರಾಬರ್ಟ್. ಅವರ ಮಗ ಹ್ಯೂ ಇನ್ನೂ ತೊಟ್ಟಿಲಿನಲ್ಲಿದ್ದಾಗ ಐಲ್ಸಾ, ರಾಬರ್ಟ್ ಇಬ್ಬರೂ ಕ್ಯಾಲಿಫೋರ್ನಿಯಾಕ್ಕೆ ಬಂದುಬಿಟ್ಟರು. ಪತ್ರಿಕೆಗಳು ಒಂದು ತಿಂಗಳು ಇದನ್ನೇ ಬರೆದವು. ಕೆಲವು ವರ್ಷಗಳಲ್ಲೇ ರಾಬರ್ಟ್ ಇನ್ನೊಬ್ಬಳ ಹಿಂದೆ ಹೋದ. ಕುಡಿದು ಕುಡಿದು ಸತ್ತ. ಅಕ್ಕ ಮತ್ತೆ ಮದುವೆಯಾಗಲಿಲ್ಲ. ಅಂದಿನಿಂದ ತಂಗಿಯೊಡನೆ ಒಂದು ಮಾತೂ ಆಡಲಿಲ್ಲ.

ಕಲಾವತಿಯವರು ಬೆಚ್ಚಿಬೀಳುವರೆಂದು ಆಕೆ ಎಣಿಸಿದ್ದಿರಬೇಕು. ಅವರು ಬಟ್ಟಲಿಗೆ ಇನ್ನಷ್ಟು ಗಂಜಿ ಬಡಿಸುತ್ತ, ತಮ್ಮ ತಂದೆಗೂ ಅಕ್ಕತಂಗಿಯರಿಬ್ಬರೂ ಹೆಂಡತಿಯರು ಎಂದರು. ಅಕ್ಕನಿಗೆ ಮಕ್ಕಳಾಗಲಿಲ್ಲವೆಂದು ತಂಗಿಯನ್ನೂ ಅದೇ ಮನೆಗೆ ಕೊಟ್ಟರು. ತಾವು ತಂಗಿಯ ಮಗಳು.

ದೊರೆಸಾನಿ ಚಮಚ ಕೆಳಗಿಟ್ಟರು. "ಅವರು ಜಗಳವಾಡುತ್ತಿರಲಿಲ್ಲವೆ?"

"ಮಾತೇ ಆಡುತ್ತಿರಲಿಲ್ಲ."

"ಒಂದೇ ಅಡುಗೆಮನೆಯಲ್ಲಿ?"

"ಒಂದೇ ಒಲೆಯ ಮುಂದೆ. ಸಾರಿಗೆ ಉಪ್ಪು ಹಾಕು ಅಂತ ನಿಮ್ಮವ್ವನಿಗೆ ಹೇಳು ಅಂತ ದೊಡ್ಡವ್ವ ನನಗೆ ಹೇಳೋರು. ಹಾಕಿದೀನಿ ಅಂತ ಹೇಳು ಅಂತ ನಮ್ಮವ್ವ ನನಗೇ ಹೇಳೋರು."

ದೊರೆಸಾನಿ ಬಹಳ ಹೊತ್ತು ನಕ್ಕರು. "ನಿಮ್ಮಲ್ಲಿ ಇಬ್ಬರನ್ನೂ ಕೊಟ್ಟುಬಿಡುತ್ತಾರೆ. ನಮ್ಮಲ್ಲಿ ಕದಿಯಬೇಕು" ಎಂದರು. ನಗು ನಿಂತ ಮೇಲೆ ಕಿಟಕಿಯ ಕಡೆ ನೋಡುತ್ತ ಹೇಳಿದರು: "ಅವಳ ದನಿ ಒಂದು ಸಲ ಕೇಳಿದರೆ ಸಾಕು. ಬೈದರೂ ಸರಿ. ಅದಕ್ಕಿಂತ ಹೆಚ್ಚಿನದು ನನಗೆ ಬೇಡ."

ಆ ಶುಕ್ರವಾರ ಆರ್ಟೀಸಿಯಾದಲ್ಲಿ ಕಲಾವತಿಯವರು ಈ ಕಥೆಯನ್ನೂ ಹೇಳಿದರು. ಹೇಳಬಾರದಿತ್ತೇನೋ ಎಂದು ಅವರಿಗೆ ಆಮೇಲೆ ಅನ್ನಿಸಿತು. ಏಕೆಂದರೆ ಅಂದು ಯಾರೂ ನಗಲಿಲ್ಲ. ಫಿರೋಜಾ ಕತ್ತಿನ ದಾರವನ್ನು ಬೆರಳಿಗೆ ಸುತ್ತುತ್ತ, ಆ ಅಕ್ಕ ಇನ್ನೂ ಇದ್ದಾರಾ ಎಂದು ಕೇಳಿದರು. ಇದ್ದಾರೆ ಎಂದರು ಕಲಾವತಿಯವರು.

"ಮತ್ತೆ ಫೋನ್ ಮಾಡ್ಸಿ ಅಕ್ಕ. ಇಷ್ಟು ದಿನ ಪುಕ್ಕಟೆ ಕಥೆ ಕೇಳಿದೀವಿ. ನಮ್ಮ ಕಡೆಯಿಂದ ಅಷ್ಟಾದ್ರೂ ಆಗ್ಲಿ."

ಅಂತರ್ಜಾಲದಲ್ಲಿ ನಂಬರನ್ನು ಹುಡುಕಿಕೊಟ್ಟವಳು ಮೇಧಾ. ಕಿಲ್‌ಫೆರನ್ ಕೋಟೆಯನ್ನು ಈಗ ಮದುವೆಗಳಿಗೆ ಬಾಡಿಗೆಗೆ ಕೊಡುತ್ತಿದ್ದರು. ತಮ್ಮ ತಂದೆಯ ಹಜಾರದಲ್ಲಿ ಯಾರು ಯಾರೋ ವಧೂವರರು ನಿಂತ ಚಿತ್ರಗಳನ್ನು ದೊರೆಸಾನಿ ಒಂದೊಂದಾಗಿ ನೋಡಿದರು. "ಕೊನೆಗೂ ಆ ಮನೆಯಲ್ಲಿ ಮದುವೆಗಳು ನೆಟ್ಟಗೆ ನಡೆಯುತ್ತಿವೆ" ಎಂದರು. ಅಕ್ಕ ಇಸೊಬೆಲ್ ಕೋಟೆಯ ಹೆಬ್ಬಾಗಿಲ ಪಕ್ಕದ ಚಿಕ್ಕ ಮನೆಯಲ್ಲಿ ಮಗ ಹ್ಯೂ ಜೊತೆ ಇದ್ದರು. ತಾವೇ ಮಾತಾಡುವ ಧೈರ್ಯ ದೊರೆಸಾನಿಗೆ ಇರಲಿಲ್ಲ, ಕಿವಿಯೂ ಮಂದವಾಗಿತ್ತು. ಕಲಾವತಿಯವರೇ ಕರೆ ಮಾಡಿದರು. ಕಚೇರಿಯ ಹುಡುಗಿ ಮದುವೆ ಯಾವ ತಿಂಗಳಿಗೆ ಎಂದು ಕೇಳಿದಳು. ಮದುವೆಯ ವಿಷಯ ಅಲ್ಲವೆಂದು ತಿಳಿಸಿ, ತಮ್ಮ ಮೊಬೈಲ್ ನಂಬರು ಕೊಟ್ಟರು.

ಎರಡು ದಿನ ಬಿಟ್ಟು ಹ್ಯೂ ಕರೆ ಮಾಡಿದ. ಅವನಿಗೂ ಅರವತ್ತರ ಹತ್ತಿರ ವಯಸ್ಸಾಗಿತ್ತಲ್ಲ, ಸೌಜನ್ಯದಿಂದಲೇ ಮಾತಾಡಿದ. ತಾಯಿಗೆ ಹೇಳುತ್ತೇನೆ, ಆದರೆ ಏನೂ ಭರವಸೆ ಕೊಡಲಾರೆ ಎಂದ. ಆಮೇಲೆ ಮತ್ತೊಮ್ಮೆ ಮಾಡಿ, ಅಮ್ಮ ಹೌದೆನ್ನಲೂ ಇಲ್ಲ, ಇಲ್ಲವೆನ್ನಲೂ ಇಲ್ಲ, ಆದರೆ ವಿಷಯ ಕೇಳಿದ ಮೇಲೆ ತೋಟದಲ್ಲಿ ಬಹಳ ಹೊತ್ತು ಒಬ್ಬರೇ ಕುಳಿತಿದ್ದರು ಎಂದು ತಿಳಿಸಿದ. ಇಷ್ಟು ಸಾಕಾಯಿತು ದೊರೆಸಾನಿಗೆ. ತೋಟದಲ್ಲಿ ಎಲ್ಲಿ ಕುಳಿತಿದ್ದಳು, ಗೋಡೆಯ ಕಡೆಗೋ ಹೊಳೆಯ ಕಡೆಗೋ ಎಂದು ಕಲಾವತಿಯವರನ್ನು ಮತ್ತೆ ಮತ್ತೆ ಕೇಳಿದರು, ಕಲಾವತಿಯವರು ಆ ತೋಟವನ್ನು ಕಂಡವರಂತೆ. ಚಳಿಗಾಲ ಕಳೆಯಿತು. ಕರೆ ಬರಲಿಲ್ಲ. ಆಕೆ ಕಾಯುತ್ತಲೇ ಇದ್ದರು.

2023ರ ಮೇ ತಿಂಗಳ ಒಂದು ಶುಕ್ರವಾರ. ಕಲಾವತಿಯವರು ದೊರೆಸಾನಿಯ ಮನೆಯ ಬೀಗ ತೆಗೆಯುತ್ತಿದ್ದಾಗ ಮೊಬೈಲು ಬಡಿಯಿತು. ಹ್ಯೂ. ಭಾನುವಾರದಿಂದ ಅಮ್ಮನಿಗೆ ಅಷ್ಟು ಚೆನ್ನಾಗಿಲ್ಲ. ಆದರೆ ಇವತ್ತು ಬುದ್ಧಿ ತಿಳಿಯಾಗಿದೆ. ಐಲ್ಸಾ ಎಲ್ಲಿ, ಅವಳನ್ನು ಮಾತಾಡಿಸಬೇಕು ಎಂದು ಅವರೇ ಕೇಳುತ್ತಿದ್ದಾರೆ. ಸಾಧ್ಯವಾದಷ್ಟು ಬೇಗ ಕರೆ ಮಾಡಿಸಿದರೆ ಒಳ್ಳೆಯದು ಎಂದ. ಅವನ ದನಿಯಲ್ಲಿ ಗಾಬರಿಯಿರಲಿಲ್ಲ, ಅಳುವಿರಲಿಲ್ಲ. ಹವಾಮಾನದ ವಿಷಯ ಹೇಳುವಂತೆ ಹೇಳಿದ. ಕಲಾವತಿಯವರ ಊರಿನಲ್ಲಾದರೆ ಇಂಥ ಸುದ್ದಿ ಬೀದಿಯ ತುದಿಯಿಂದಲೇ ಕೇಳಿಸುತ್ತಿತ್ತು. ಇಷ್ಟು ತಣ್ಣಗೆ ಹೇಳುವ ಸುದ್ದಿಯೊಳಗೆ ಎಷ್ಟು ಅವಸರವಿರಬಹುದೆಂದು ಅವರಿಗೆ ತಿಳಿಯಲಿಲ್ಲ.

ಒಳಗೆ ಹೋದರೆ ದೊರೆಸಾನಿ ಆಗತಾನೆ ಎದ್ದು ಮಂಚದ ಅಂಚಿನಲ್ಲಿ ಕುಳಿತಿದ್ದರು. ಮುಖ ಬಿಳಚಿಕೊಂಡಿತ್ತು, ಕೈ ನಡುಗುತ್ತಿತ್ತು. ಈ ಸ್ಥಿತಿಯಲ್ಲಿ, ಬರಿಹೊಟ್ಟೆಯಲ್ಲಿ, ಇಂಥ ಮಾತು ಹೇಗೆ ಹೇಳುವುದು?

ಕಲಾವತಿಯವರಿಗೆ ಅದೊಂದು ಯೋಚಿಸಿ ಮಾಡಿದ ತೀರ್ಮಾನವೇ ಅಲ್ಲ. ಅದು ಅವರು ಬೆಳೆದು ಬಂದ ರೀತಿ. ಅವರ ತಂದೆ ದಾವಣಗೆರೆಯ ಆಸ್ಪತ್ರೆಯಲ್ಲಿ ತೀರಿಕೊಂಡ ದಿನ ಸುದ್ದಿ ಮೊದಲು ತಲುಪಿದ್ದು ದೊಡ್ಡವ್ವನಿಗೆ. ದೊಡ್ಡವ್ವ ಯಾರಿಗೂ ಬಾಯಿ ಬಿಡಲಿಲ್ಲ. ರೊಟ್ಟಿ ಬಡಿದರು, ಮಕ್ಕಳನ್ನು ಕೂರಿಸಿದರು. ಎಷ್ಟೋ ವರ್ಷಗಳಿಂದ ನೇರವಾಗಿ ಮಾತಾಡದಿದ್ದ ತಂಗಿಯ ಕಡೆ ತಿರುಗಿ, "ಉಣ್ಣು ಬಾ" ಎಂದರು. ಅಕ್ಕನೇ ಕರೆದಳಲ್ಲ ಎಂದು ಅವ್ವ ಕಣ್ಣು ತುಂಬಿಕೊಂಡು ಉಂಡರು. ಎಲ್ಲರೂ ಕೈ ತೊಳೆದ ಮೇಲೆ ದೊಡ್ಡವ್ವ ಹೇಳಿದರು. ಆ ಮೇಲೆ ಎರಡು ದಿನ ಮನೆಯಲ್ಲಿ ಒಲೆ ಹೊತ್ತಲಿಲ್ಲ. ಅಂದು ಉಂಡದ್ದೇ ಎಲ್ಲರನ್ನೂ ಎತ್ತಿ ನಿಲ್ಲಿಸಿತ್ತು. ಅದಕ್ಕಿಂತ ದೊಡ್ಡ ಕರುಣೆಯನ್ನು ಕಲಾವತಿಯವರು ಮತ್ತೆಲ್ಲೂ ಕಂಡಿರಲಿಲ್ಲ. ಕೆಟ್ಟ ಸುದ್ದಿಯಿದ್ದರೆ ಮೊದಲು ಉಣ್ಣಿಸಬೇಕು, ಆಮೇಲೆ ಹೇಳಬೇಕು.

ಆದ್ದರಿಂದ ಅವರು ಎಂದಿನಂತೆ ಒಲೆ ಹಚ್ಚಿದರು. ಗಂಜಿ ಕುದಿಸಿದರು. ದೊರೆಸಾನಿಯ ತಲೆ ಬಾಚಿ, ಬೆನ್ನಿಗೆ ದಿಂಬು ಕೊಟ್ಟು ಕೂರಿಸಿದರು. ಆ ದಿನ ಆಕೆಗೆ ಮಾತಿನ ಹುರುಪು. ನಾಟಕದ ಚಿಕ್ಕಮ್ಮ ಬಿಷಪ್ಪನ ಎದುರಿಗೆ ಏನೋ ಅಂದದ್ದನ್ನು ಹೇಳುತ್ತ, ಚಮಚವನ್ನು ಗಾಳಿಯಲ್ಲಿ ಹಿಡಿದು ನಗುತ್ತ, ಎಂದಿಗಿಂತ ನಿಧಾನವಾಗಿ ತಿಂದರು. ಕಲಾವತಿಯವರು ಅವಸರ ಪಡಿಸಲಿಲ್ಲ. ಮುಖಕ್ಕೆ ಬಣ್ಣ ಬಂತು, ಕೈ ನಡುಕ ನಿಂತಿತು ಎಂದು ಸಮಾಧಾನವೇ ಪಟ್ಟರು. ಬಟ್ಟಲು ತೊಳೆದಿಟ್ಟು, ಕೈ ಒರೆಸಿಕೊಂಡು ಬಂದು, ಪಕ್ಕದಲ್ಲಿ ಕುಳಿತು ಹೇಳಿದರು.

ದೊರೆಸಾನಿ ಒಂದು ಮಾತೂ ಕೇಳದೆ ಕೈ ಚಾಚಿದರು. ಕಲಾವತಿಯವರು ನಂಬರು ಒತ್ತಿ, ದನಿ ಇಬ್ಬರಿಗೂ ಕೇಳುವಂತೆ ಮಾಡಿ ಕೊಟ್ಟರು.

ಹ್ಯೂ ಫೋನು ಎತ್ತಿದ. ಅಮ್ಮ ಈಗಷ್ಟೇ ನಿದ್ದೆ ಹೋದರು ಎಂದ. ಫೋನು ಬಂತೇ ಎಂದು ಆಗಾಗ ಕೇಳುತ್ತಿದ್ದರು, ದಣಿದರು, ನೋವಿಗೆಂದು ಡಾಕ್ಟರು ಮದ್ದು ಕೊಟ್ಟಿದ್ದಾರೆ, ಎಚ್ಚರವಾದ ಕೂಡಲೇ ಕರೆ ಮಾಡುತ್ತೇನೆ ಎಂದ.

ಆ ದಿನ ಕಲಾವತಿಯವರು ಮಧ್ಯಾಹ್ನಕ್ಕೆ ಮನೆಗೆ ಹೋಗಲಿಲ್ಲ. ಮೊಬೈಲನ್ನು ಮೇಜಿನ ಮೇಲಿಟ್ಟು ಇಬ್ಬರೂ ಎದುರುಬದುರು ಕುಳಿತರು. ಅಕ್ಕ ಮೊದಲು ಏನು ಕೇಳಬಹುದು, ತಾನು ಏನು ಹೇಳಬೇಕು ಎಂದು ದೊರೆಸಾನಿ ಒಂದೆರಡು ಸಲ ಬಾಯಿಯೊಳಗೇ ಆಡಿಕೊಂಡರು. ಸಂಜೆ ಹ್ಯೂ ಕರೆ ಮಾಡಿದ. ಇಸೊಬೆಲ್ ಎಚ್ಚರವಾಗದೆಯೇ ಹೋಗಿಬಿಟ್ಟಿದ್ದರು.

ದೊರೆಸಾನಿ ಅಳಲಿಲ್ಲ. ಮೊಬೈಲನ್ನು ಕಲಾವತಿಯವರ ಕಡೆಗೆ ಸರಿಸಿ ಕೇಳಿದರು: "ಬೆಳಿಗ್ಗೆ ಹ್ಯೂ ಯಾವಾಗ ಕರೆ ಮಾಡಿದ?"

ನೀವು ತಿಂದು ಮುಗಿಸಿದಾಗಲೇ ಎಂದುಬಿಡಬಹುದಿತ್ತು. ಆಕೆ ನಂಬುತ್ತಿದ್ದರು. ಕಲಾವತಿಯವರಿಗೆ ಆ ಸುಳ್ಳು ನಾಲಿಗೆಯ ತುದಿಗೂ ಬಂದಿತ್ತು. ಆದರೆ ಇಸೊಬೆಲ್ ಆಗಾಗ ಕೇಳುತ್ತಿದ್ದರೆಂದು ಹ್ಯೂ ಹೇಳಿದ್ದು ಇಬ್ಬರ ಕಿವಿಗೂ ಬಿದ್ದಿತ್ತು.

"ನಾನು ಬೀಗ ತೆಗೆಯುವಾಗ, ಅಮ್ಮ."

"ಗಂಜಿಗೆ ಮೊದಲೇ?"

"ಹೌದು. ಬರಿಹೊಟ್ಟೆಯಲ್ಲಿ ಹೇಳಬಾರದು ಅಂತ..." ಮುಂದಿನದನ್ನು ವಿವರಿಸಲು ಅವರಿಗೆ ಇಂಗ್ಲಿಷು ಸಾಲಲಿಲ್ಲ, ಕನ್ನಡವೂ ಸಾಲುತ್ತಿರಲಿಲ್ಲ.

ದೊರೆಸಾನಿ ಅವರ ಮುಖವನ್ನೇ ನೋಡಿದರು. ಸಿಟ್ಟಿರಲಿಲ್ಲ. ಸಿಟ್ಟಾದರೂ ಇದ್ದಿದ್ದರೆ ಚೆನ್ನಾಗಿತ್ತು.

"ನನಗೆ ಹಸಿವಿರಲಿಲ್ಲ, ಕಲಾ" ಎಂದರು.

ಆ ರಾತ್ರಿ ತಡವಾಗಿ ರೈಲಿನಿಂದ ಇಳಿದ ಹೆಂಡತಿಯ ಮುಖ ನೋಡಿ ರೇವಣಸಿದ್ದಪ್ಪನವರು ದೊರೆಸಾನಿಯ ಹೆಸರೆತ್ತಲಿಲ್ಲ. ಕಲಾವತಿಯವರೇ ಹೇಳಿದರು. ಹೇಳಿ ಮುಗಿಯುವ ಹೊತ್ತಿಗೆ ಫಿರೋಜಾ ಎದ್ದು ಬಂದು ಅವರ ಪಕ್ಕ ಕುಳಿತಿದ್ದರು.

"ಇದ್ರಲ್ಲಿ ನಿಂದೇನು ತಪ್ಪೈತೆ?" ಎಂದರು ರೇವಣಸಿದ್ದಪ್ಪನವರು. "ಯಾರಿದ್ರೂ ಹಂಗೇ ಮಾಡ್ತಿದ್ರು."

"ನಮ್ಮನೇಲೂ ಅದೇ ಅಕ್ಕ" ಎಂದರು ಫಿರೋಜಾ. "ಮೊದಲು ನೀರಾದ್ರೂ ಕುಡಿಸಿ ಆಮೇಲೆ ಹೇಳೋದು. ನಮ್ಮ ಅಮ್ಮೀನೂ ಹಂಗೇ ಮಾಡ್ತಿದ್ರು."

"ಅದು ಸಾವಿನ ಸುದ್ದಿಗೆ, ಫಿರೋಜಾ. ಆಕೆ ಇನ್ನೂ ಇದ್ರು. ಫೋನ್ ಬಂತಾ ಅಂತ ಕೇಳ್ತಾ ಇದ್ರು. ಇದ್ದೋರನ್ನ ನಾನು ಹೋದೋರ ಲೆಕ್ಕಕ್ಕೆ ಹಾಕ್ಬಿಟ್ಟೆ."

ಫಿರೋಜಾ ಚಹಾ ಮಾಡಿ ತಂದರು. ಮೂವರೂ ಕುಡಿದರು.

ಸೋಮವಾರ ಕಲಾವತಿಯವರು ಮತ್ತೆ ಆ ಮನೆಗೆ ಹೋದರು. ಹೋಗುವುದು ಬೇಡ, ಬೇರೆ ಯಾರನ್ನಾದರೂ ಗೊತ್ತುಮಾಡಿಕೊಡುತ್ತೇನೆ ಎಂದು ಪ್ರಣತಿ ಹೇಳಿದ್ದಳು. ಬಾಗಿಲ ಬೀಗ ಬದಲಾಗಿರಬಹುದೆಂದೂ ಅವರಿಗೆ ಅನ್ನಿಸಿತ್ತು. ಬದಲಾಗಿರಲಿಲ್ಲ. ಎಂದಿನಂತೆ ಅಡುಗೆಮನೆಗೆ ಹೋಗಿ ಒಲೆ ಹಚ್ಚಿದರು. ಮಲಗುವ ಕೋಣೆಯಿಂದ ದೊರೆಸಾನಿಯ ದನಿ ಬಂತು.

"ಕಲಾ, ಮೊದಲು ಇಲ್ಲಿ ಬಾ. ಏನಾದರೂ ಸುದ್ದಿ ಇದೆಯೆ?"

ಕಲಾವತಿಯವರು ಬಾಗಿಲಲ್ಲಿ ನಿಂತರು. "ಇಲ್ಲ, ಅಮ್ಮ."

"ಏನೂ ಇಲ್ಲವೆ?"

"ಏನೂ ಇಲ್ಲ."

"ಹಾಗಾದರೆ ಗಂಜಿ ತಾ."

ಅದು ಅಂದಿನಿಂದ ಹಾಗೆಯೇ ನಡೆದುಬಂದಿದೆ. ದೊರೆಸಾನಿ ಮನೆತನದ ಕಥೆಗಳನ್ನು ಮತ್ತೆ ಹೇಳಲಿಲ್ಲ. ಚಮಚವನ್ನು ಗಾಳಿಯಲ್ಲಿ ಹಿಡಿದು ನಗುವುದೂ ನಿಂತಿತು. ಗಂಜಿಯನ್ನು ಈಗ ಬೇಗ ಬೇಗ ತಿಂದು ಮುಗಿಸುತ್ತಾರೆ. ಆರ್ಟೀಸಿಯಾದಲ್ಲಿಯೂ ಯಾರೂ ಕೇಳುವುದಿಲ್ಲ. ರೇವಣಸಿದ್ದಪ್ಪನವರು ಅಂಗಡಿಯ ವಿಷಯ ಹೇಳುತ್ತಾರೆ. ಫಿರೋಜಾ ಹೊಸ ರವಿಕೆಯ ತೋಳು ತೋರಿಸುತ್ತಾರೆ.

ದೊರೆಸಾನಿಗೆ ಸುದ್ದಿ ಕಳಿಸುವವರು ಈಗ ಯಾರೂ ಇಲ್ಲ. ಅಣ್ಣ ಎಂದೋ ಹೋದ, ಗಂಡಂದಿರು ಹೋದರು, ಅಕ್ಕನೂ ಹೋದಳು. ಹ್ಯೂ ಮತ್ತೆ ಕರೆ ಮಾಡಲಿಲ್ಲ. ಅವನಿಗೆ ಕಾರಣವೂ ಇರಲಿಲ್ಲ. ಕಲಾವತಿಯವರಿಗೆ ಇದು ಗೊತ್ತು, ದೊರೆಸಾನಿಗೂ ಗೊತ್ತು. ಆದರೂ ಕಲಾವತಿಯವರು ದಿನವೂ ಬೀಗ ತೆಗೆಯುವ ಮೊದಲು ಮೆಟ್ಟಿಲ ಮೇಲೆ ನಿಂತು ಮೊಬೈಲನ್ನು ಒಮ್ಮೆ ನೋಡಿಕೊಳ್ಳುತ್ತಾರೆ. ಒಳಗೆ ಆ ಪ್ರಶ್ನೆ ಬರುತ್ತದೆ. ಒಲೆಯ ಮೇಲೆ ಗಂಜಿ ಕುದಿಯುತ್ತಿರುತ್ತದೆ. ಬಾಗಿಲ ಬಳಿ ಹೋಗಿ, ಆಕೆಯ ಮುಖ ನೋಡಿ, ಇಲ್ಲವೆಂದು ಹೇಳಿದ ಮೇಲೆಯೇ ಅವರು ಬಟ್ಟಲಿಗೆ ಕೈ ಹಾಕುತ್ತಾರೆ.